ಕೂಗದೆ ಉಳಿದ ಹೆಸರು

ಕೋರ್ಟಿನ ಜವಾನ ಬಾಗಿಲಿಗೆ ಬಂದು "ವೆಂಕಟೇಶಪ್ಪ" ಎಂದು ಮೂರು ಸಲ ಕೂಗುತ್ತಿದ್ದ. ಪ್ರತಿ ಸಲವೂ ಅಂಜಿನಮ್ಮ ಮೆಟ್ಟಿಲ ಕಡೆ ತಿರುಗುತ್ತಿದ್ದಳು. ಗಂಡ ವೆಂಕಟೇಶಪ್ಪ ತೀರಿಕೊಂಡು ಎರಡು ವರ್ಷವಾಗಿತ್ತು. ವಾರಸುದಾರಳೆಂದು ಅವಳ ಹೆಸರು ಸೇರಿಸಿದ್ದರೂ ಜವಾನನ ಬಾಯಲ್ಲಿ ಹಳೆಯ ಹೆಸರೇ ಉಳಿದಿತ್ತು.

ಎದುರು ಬೆಂಚಿನಲ್ಲಿ ಕೃಷ್ಣಸ್ವಾಮಿ. ಪೀಣ್ಯದ ಕಾರ್ಖಾನೆಯೊಂದರಲ್ಲಿ ಲೇತ್ ಕೆಲಸ. ಅವಳ ಮನೆಯ ಹಿಂಭಾಗದ ಬಾಡಿಗೆದಾರ. ಹಿಟ್ಟಿನ ಗಿರಣಿ ಹಾಕಲು ಆ ಜಾಗ ಬೇಕು, ಇವನನ್ನು ಬಿಡಿಸಿಕೊಡಿ ಎಂದು ವೆಂಕಟೇಶಪ್ಪ ಹಾಕಿದ್ದ ಅರ್ಜಿ ಅದು.

ವಾಯಿದೆಯ ದಿನ ಇಬ್ಬರಿಗೂ ಒಂದೇ ಬಸ್ಸು. ಅವಳು ಮುಂದೆ, ಅವನು ಹಿಂದೆ. ಗಾಳಿಗೆ ಜಾರಿದ ಸೆರಗನ್ನು ಸರಿಪಡಿಸುವ ನೆಪದಲ್ಲಿ ಅವಳು ಒಮ್ಮೆ ಹಿಂದೆ ನೋಡುತ್ತಿದ್ದಳು.

"ಎದುರು ಪಾರ್ಟಿ ಜೊತೆ ಮಾತಾಡ್ಬಾರ್ದು ಅಂತ ನಿಮ್ಮ ಲಾಯರ್ ಹೇಳಿಲ್ವಾ?" ಎಂದು ಅವನೊಮ್ಮೆ ಕೇಳಿದ್ದ.

"ಯೇಳವ್ರೆ. ನೋಡ್ಬಾರ್ದು ಅಂತ ಯೇಳಿಲ್ಲ."

೧೯೭೯ರಲ್ಲಿ ಸರ್ಕಾರ ಕೈಗಾರಿಕೆಗೆಂದು ಆ ಸಾಲಿನ ಮನೆಗಳನ್ನೆಲ್ಲ ಸ್ವಾಧೀನಕ್ಕೆ ತೆಗೆದುಕೊಂಡಿತು. ಮುಂದಿನ ವಾಯಿದೆಗೆ ನ್ಯಾಯಾಧೀಶರು ಆ ಆದೇಶ ಓದಿ, "ಮನೆ ಈಗ ಇಬ್ಬರದ್ದೂ ಅಲ್ಲ. ತೀರ್ಮಾನಿಸಲು ಏನೂ ಉಳಿದಿಲ್ಲ. ಅರ್ಜಿ ವಜಾ" ಎಂದರು.

ಹೊರಗೆ ಬಂದ ಅಂಜಿನಮ್ಮ ಮೆಟ್ಟಿಲನ್ನೇ ನೋಡುತ್ತ ನಿಂತಳು.

"ಗೆದ್ದೋರು ಯಾರು?" ಎಂದು ಹಿಂದೆಯೇ ಬಂದ ಕೃಷ್ಣಸ್ವಾಮಿಯನ್ನು ಕೇಳಿದಳು.

"ಯಾರೂ ಇಲ್ಲ. ಸೋತೋರೂ ಇಲ್ಲ."

"ಜಾಲಹಳ್ಳೀಲಿ ನಿಮ್ಗೆ ಮನೆ ಸಿಕ್ಕಿತ್ತಂತೆ. ಯಾಕ್ ಓಗ್ಲಿಲ್ಲ?"

"ಹೋಗಿದ್ರೆ ಕೇಸು ಮುಗೀತಿತ್ತು. ಬಸ್ಸಲ್ಲಿ ನಿಮ್ಮನ್ನ ನೋಡೋದೂ." ಅವನೂ ಕೇಳಿದ: "ಗಿರಣಿ ಹಾಕೋರೇ ಇರ್ಲಿಲ್ಲ. ನೀವ್ಯಾಕೆ ಕೇಸು ವಾಪಸ್ ತಗೊಳ್ಲಿಲ್ಲ?"

"ತಗಂಡಿದ್ರೆ ಅವ್ರ ಎಸ್ರು ಕೂಗೋರು ಯಾರು? ಕೂಗ್ದಾಗೆಲ್ಲ ಮೆಟ್ಲು ಅತ್ತಿ ಬತ್ತಾವ್ರೆ ಅನ್ಸೋದು. ಇವತ್ತಿಗೆ ಅದೂ ಓಯ್ತು."

ಕೃಷ್ಣಸ್ವಾಮಿ ಕರ್ಚೀಫನ್ನು ಮಡಿಸಿದ, ಬಿಚ್ಚಿದ, ಮತ್ತೆ ಮಡಿಸಿದ.

"ಜಾಲಹಳ್ಳಿ ಮನೆ ಇನ್ನೂ ಖಾಲಿ ಇದೆ. ಬನ್ನಿ, ಮದುವೆ ಆಗೋಣ. ಹಿರಿಯರ ಹಬ್ಬಕ್ಕೆ ಅಲ್ಲೇ ಎಡೆ ಇಡೋಣ. ಅವರ ಹೆಸರು ನಾನೇ ಕೂಗ್ತೀನಿ."

"ನಿಮ್ಮನ್ನ ಓಡಿಸ್ಬೇಕು ಅಂತಿದ್ದೋರು ಅವ್ರು."

"ಗೊತ್ತು. ಊಟಕ್ಕೆ ಬರ್ಲಿ, ಮಾತಾಡ್ತೀನಿ."

ಅವಳ ತುಟಿಯ ಅಂಚಿಗೆ ನಗು ಬಂತು. ಅಷ್ಟರಲ್ಲಿ ಜವಾನ ಬೇರೆ ಯಾರದೋ ಹೆಸರನ್ನು ಮೂರು ಸಲ ಕೂಗಿದ. ಮೆಟ್ಟಿಲಲ್ಲಿ ಚಪ್ಪಲಿಯ ಸಪ್ಪಳ ಕೇಳಿದಂತಾಗಿ ಇಬ್ಬರೂ ತಿರುಗಿದರು. ಯಾರೂ ಇರಲಿಲ್ಲ.

"ನಡೀರಿ, ಬಸ್ಸಿಗೆ ಒತ್ತಾಯ್ತು" ಎಂದಳು. ಅವನ ತೋಳಿಗೆ ತೋಳು ತಾಗುವಷ್ಟು ಹತ್ತಿರ ಇಳಿದಳು. ಗೋಡೆಯ ಕಡೆ, ಹತ್ತಿ ಬರುವ ಒಬ್ಬರಿಗಾಗುವಷ್ಟು ಜಾಗ ಬಿಟ್ಟಿದ್ದಳು.