ಎಪ್ಪತ್ತೆರಡನೆಯ ಫೋಟೊ

೧೯೮೨ರ ಏಪ್ರಿಲ್ ೨೬, ಸೋಮವಾರ, ಸಂಜೆ ಐದು ಗಂಟೆ ಹತ್ತು ನಿಮಿಷ. ಗಂಗಾವತಿ ಬಜಾರಿನ ಫೋಟೊ ಸ್ಟುಡಿಯೋದಲ್ಲಿ ಶೇಖರಮ್ಮ ಬಿಳಿ ಹಾಳೆ ಬಿಡಿಸಿ ಪೆನ್ನಿನ ಟೊಪ್ಪಿಗೆ ತೆಗೆದಳು. ಮುಂದಿನ ವಾರ ಹೇಮಗುಡ್ಡದ ಗುಡಿಯಲ್ಲಿ ತಂಗಿಯ ಮದುವೆ. ಫೋಟೊದ ಕರಾರು ಅವಳ ಪಾಲಿಗೆ ಬಂದಿತ್ತು.

“ಮುಂಜಾನೆ ಎಂಟರಿಂದ ಹನ್ನೆರಡು. ನಾಲ್ಕು ತಾಸು, ಎರಡು ರೋಲು,” ಎಂದ ಸ್ಟುಡಿಯೋದ ಈಶಪ್ಪ.

“ಒಂದು ಫೋಟೊಕ್ಕ ಕ್ಯಾಮೆರಾ ಕಣ್ಣು ತೆರಿಯೂದು ಎಷ್ಟು ಹೊತ್ರಿ?”

“ಫ್ಲ್ಯಾಶ್ ಇದ್ರ ಸೆಕೆಂಡಿನ ಅರವತ್ತನೇ ಪಾಲು.”

“ಎರಡು ರೋಲಂದ್ರ ಎಪ್ಪತ್ತೆರಡು ಫೋಟೊ. ನಾಲ್ಕು ತಾಸಿನಾಗ ನೀವು ದುಡಿಯೂದು ಒಂದೂಕಾಲು ಸೆಕೆಂಡು ಸೈತ ಆಗಂಗಿಲ್ಲ. ಉಳಿದ ಹೊತ್ತು ಏನ್ ಮಾಡ್ತೀರಿ?”

ಈಶಪ್ಪ ನಗಲಿಲ್ಲ. “ಆ ಒಂದೂಕಾಲು ಸೆಕೆಂಡು ಯಾವಾಗ ಬರ್ತೈತಿ ಅಂತ ಕಾಯ್ತೀನ್ರಿ, ಟೀಚರ್.”

ಪೆನ್ನು ಒಂದು ಕ್ಷಣ ನಿಂತಿತು. ತಲೆಯೆತ್ತಿದರೆ ಅವನು ನೋಡುತ್ತಿದ್ದದ್ದು ಹಾಳೆಯನ್ನಲ್ಲ, ಹಾಳೆಯ ಮೇಲಿದ್ದ ಅವಳ ಕೈಯನ್ನು. ಅವಳು ನೋಡಿದ್ದೇ ತಡ, ಲೆನ್ಸ್ ಒರೆಸತೊಡಗಿದ.

“ಇನ್ನೊಂದು ಮಾತು, ಮೊದಲ ಹೇಳಿಬಿಡ್ತೀನಿ,” ಎಂದ. “ಮದುವ್ಯಾಗ ಎಲ್ಲಾರಿಗೂ ಫೋಟೊ ಬೇಕು. ಅವರನ್ನ ಸಮಾಧಾನ ಮಾಡಾಕ ಫಿಲ್ಮಿಲ್ಲದ ಕ್ಯಾಮೆರಾದಾಗ ಬರೇ ಫ್ಲ್ಯಾಶ್ ಹೊಡಿಯೂದು ನಮ್ಮ ಧಂದೆದೊಳಗ ಐತ್ರಿ.”

“ಅದು ಮೋಸ.”

“ಹೌದು. ಅದಕ್ಕ ಹೇಳಿದೆ.” ಕ್ಯಾಮೆರಾವನ್ನು ಅವಳತ್ತ ತಿರುಗಿಸಿದ. “ಲಿವರ್ ಎಳದಾಗ ಎಡಕ್ಕಿರೂ ಈ ಗುಂಡಿ ತಿರುಗಿದ್ರ ಫಿಲ್ಮ್ ಓಡ್ತೈತಿ ಅಂತ ತಿಳೀರಿ. ತಿರುಗದಿದ್ರ ಖಾಲಿ. ನೀವ ಕಾಯ್ರಿ ನನ್ನ.”

ಅವಳು ಬರೆದಳು: ಖಾಲಿ ಫ್ಲ್ಯಾಶ್ ಇಲ್ಲ. ಎಪ್ಪತ್ತೆರಡಕ್ಕೆ ಒಂದೂ ಕಡಿಮೆಯಾಗಬಾರದು.

“ಹನ್ನೆರಡು ದಾಟಿದ್ರ?”

“ದಾಟಿದ ಮ್ಯಾಲಿಂದು ನನ್ನ ಖುಷಿ.”

ಅದನ್ನೂ ಬರೆದಳು.

ಶೇಖರಮ್ಮ ಕುಷ್ಟಗಿಯ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತಿದ್ದಳು. ಈವರೆಗೆ ಮೂರು ವರಗಳನ್ನು ಬೇಡವೆಂದಿದ್ದಳು. ಒಬ್ಬ ಸಂಬಳ ಹೆಚ್ಚಿಗೆ ಹೇಳಿದ್ದ, ಇನ್ನೊಬ್ಬ ವಯಸ್ಸು ಕಡಿಮೆ ಹೇಳಿದ್ದ, ಮೂರನೆಯವನು ಎರಡನ್ನೂ ಮಾಡಿದ್ದ. ತಂಗಿಯ ಮದುವೆ ಮುಗಿದ ಭಾನುವಾರ ನಾಲ್ಕನೆಯವನು ಬರಲಿದ್ದ. “ಈ ಸಲ ಹೂಂ ಅನ್ನೂದಷ್ಟ ನಿನ್ನ ಕೆಲಸ,” ಎಂದು ಅಪ್ಪ ಕೊಟ್ರಪ್ಪ ಹೇಳಿಬಿಟ್ಟಿದ್ದರು. ತನ್ನೂರು ಹಿಟ್ನಾಳಕ್ಕೆ ಹೊರಟ ಬಸ್ಸಿನಲ್ಲಿ ಅವಳು ಕರಾರನ್ನು ಮೂರು ಸಲ ಓದಿದಳು. ಕೇಳದೆಯೇ ತನ್ನ ಕಸುಬಿನ ಕಳ್ಳದಾರಿಯನ್ನು ತೋರಿಸಿಕೊಟ್ಟ ಗಂಡಸನ್ನು ಅವಳು ಅಲ್ಲಿಯವರೆಗೆ ಕಂಡಿರಲಿಲ್ಲ.

ಮೇ ೫ರಂದು ಈಶಪ್ಪ ಎಂಟಕ್ಕೆ ಐದು ನಿಮಿಷ ಇರುವಾಗಲೇ ಗುಡ್ಡ ಹತ್ತಿ ಬಂದ. ಮೊದಲ ರೋಲು ಸುಸೂತ್ರವಾಗಿ ಮುಗಿಯಿತು. ಗುಂಡಿ ಪ್ರತಿ ಸಲ ತಿರುಗಿತು. ಪ್ರತಿ ಸಲ ಅವನು ಅವಳತ್ತ ಹುಬ್ಬೇರಿಸಿದ, ‘ಕಂಡಿತೇ?’ ಎಂಬಂತೆ. ಅವಳು ತುಟಿ ಬಿಗಿಹಿಡಿದು ಸೀರೆಯ ಸೆರಗಿನತ್ತ ನೋಡಿದಳು.

ಎರಡನೆಯ ರೋಲು ಹಾಕುವಾಗ ವಾದ್ಯದವರು ಅವಸರ ಮಾಡಿದರು. ಬೀಗರು ಸಾಲಾಗಿ ನಿಂತರು. ಒಂದು ಫ್ಲ್ಯಾಶ್, ಎರಡು, ಹತ್ತು.

ಗುಂಡಿ ತಿರುಗಲಿಲ್ಲ.

ಶೇಖರಮ್ಮನಿಗೆ ನಿರಾಸೆಯಾಯಿತು. ಫೋಟೊ ಹೋಯಿತೆಂದಲ್ಲ, ಇವನೂ ಅಂಥವನೇ ಎಂದು. ವಧೂವರರ ಮೇಲೆ ಅಕ್ಕಿಕಾಳು ಹಾಕುವ ಮುಹೂರ್ತಕ್ಕೆ ಇನ್ನು ಐದೇ ನಿಮಿಷ. ಅವಳು ನೇರ ಅವನ ಬಳಿ ನಡೆದಳು.

“ಗುಂಡಿ ತಿರುಗವಲ್ದು, ಈಶಪ್ಪನವರ.”

ಅವನು ಲಿವರ್ ಎಳೆದು ನೋಡಿದ. “ಫಿಲ್ಮ್ ಹಾಕೀನ್ರಿ... ದೇವರಾಣಿ.” ಕಂಬದ ಮರೆಗೆ ಹೋಗಿ ಹಿಂಬದಿ ತೆರೆದ. ಫಿಲ್ಮಿನ ತುದಿ ಅದನ್ನು ಎಳೆಯುವ ಚಕ್ರದ ಹಲ್ಲಿಗೆ ಸಿಕ್ಕದೆ ಜಾರಿತ್ತು. ರೋಲು ಡಬ್ಬಿಯೊಳಗೇ ಕುಳಿತಿತ್ತು. ಮೂವತ್ತಾರೂ ಉಳಿದಿದ್ದವು, ಹತ್ತು ಫ್ಲ್ಯಾಶ್ ಮಾತ್ರ ಗಾಳಿಗೆ ಹೋಗಿದ್ದವು. ಅದು ಅವರಿಬ್ಬರನ್ನು ಬಿಟ್ಟರೆ ಯಾರಿಗೂ ತಿಳಿದಿರಲಿಲ್ಲ. ಆದರೆ ತುದಿ ಸಿಕ್ಕಿಸಿ ಎದ್ದವನು ಎಲ್ಲರಿಗೂ ಕೇಳುವಂತೆ ಕೂಗಿದ: “ಈಗ ನಿಂತಿದ್ದ ಬೀಗರದು ಒಂದೂ ಬಿದ್ದಿಲ್ರಿ. ತಪ್ಪು ನಂದು. ಅಕ್ಕಿಕಾಳು ಬಿದ್ದ ಮ್ಯಾಲ ಮತ್ತ ನಿಲ್ರಿ!”

“ಗಂಗಾವತಿಂದ ಎಂಥಾ ಶಾಣ್ಯಾನ್ನ ಕರಸೀರಪ್ಪಾ!” ಬೀಗರಲ್ಲೊಬ್ಬ ಹಂಗಿಸಿದ. ಈಶಪ್ಪ ತಲೆ ತಗ್ಗಿಸಿ ಕೇಳಿಸಿಕೊಂಡ.

ಅಕ್ಕಿಕಾಳು ಬಿದ್ದವು. ಶೇಖರಮ್ಮ ಒಡಹುಟ್ಟಿದವಳ ಅಕ್ಕಿಕಾಳನ್ನು ನೋಡಲೇ ಇಲ್ಲ. ಅವಳು ನೋಡಿದ್ದು ಗುಂಡಿಯನ್ನು. ಅದು ತಿರುಗುತ್ತಿತ್ತು, ಅವಳ ಕಣ್ಣು ಯಾಕೋ ತುಂಬಿ ಬಂತು.

ಬೀಗರ ಫೋಟೊಗಳನ್ನು ಮತ್ತೆ ತೆಗೆದು ಮುಗಿಸುವಷ್ಟರಲ್ಲಿ ಒಂದು ಗಂಟೆಯಾಗಿತ್ತು.

“ಎಪ್ಪತ್ತೊಂದು ಆದವು,” ಎಂದಳು ಶೇಖರಮ್ಮ. “ಒಂದು ಬಾಕಿ ಐತಿ.”

“ಹನ್ನೆರಡು ದಾಟೈತಿ. ಇದು ನನ್ನ ಖುಷೀದು,” ಎಂದ ಈಶಪ್ಪ. ಕ್ಯಾಮೆರಾವನ್ನು ಮುಕ್ಕಾಲಿಯ ಮೇಲಿಟ್ಟ. ದನಿ ತಗ್ಗಿಸಿದ. “ಇದಕ್ಕ ತಾನ ಹೊಡಕೊಳ್ಳೂ ಟೈಮರ್ ಐತಿ. ಹತ್ತು ಸೆಕೆಂಡು. ಒತ್ತಿ ಬಂದು ನಿಮ್ಮ ಬಾಜೂಕ ನಿಂದರತೀನಿ. ಬ್ಯಾಡಂದ್ರ ಸರದುಬಿಡ್ರಿ, ಹತ್ತು ಸೆಕೆಂಡು ಭಾಳ ಹೊತ್ತು. ಯಾರೂ ಏನೂ ಅನ್ನಂಗಿಲ್ಲ.”

ಮದುವೆಯಾಗದ ಹೆಣ್ಣೂ ಗಂಡೂ ಬೀಗರೆದುರು ಒಂದೇ ಫೋಟೊದಲ್ಲಿ ನಿಂತರೆ ಆ ಸೀಮೆಯಲ್ಲಿ ಅದಕ್ಕೆ ಬೇರೆ ಅರ್ಥವಿರಲಿಲ್ಲ. ಕೊಟ್ರಪ್ಪನವರು ಎಲೆ ಅಡಿಕೆಯ ತಟ್ಟೆ ಹಿಡಿದು ನಿಂತಲ್ಲೇ ನಿಂತರು. ಶೇಖರಮ್ಮ ಕಂಬದ ಮುಂದೆ ಹೋಗಿ ನಿಂತಳು.

ಟೈಮರ್ ಕರ್‌ರ್ ಎಂದಿತು. ಒಂದು, ಎರಡು, ಎಂದು ಅವಳು ಮನಸ್ಸಿನಲ್ಲೇ ಎಣಿಸಿದಳು. ಈಶಪ್ಪನ ಕಾಲಿಗೆ ಜಮಖಾನೆ ತೊಡರಿತು.

“ಓಡೋ ನನ್ನಪ್ಪಾ!” ಕಿರುಚಿದಳು ಅಜ್ಜಿ ಮುದುಕಮ್ಮ. “ಇನ್ನೊಂದು ವರಾ ಹುಡುಕೂ ಶಕ್ತಿ ನಮಗಿಲ್ಲ!”

ಇಡೀ ಗುಡಿ ನಕ್ಕಿತು. ಆರನೆಯ ಸೆಕೆಂಡಿಗೆ ಅವನು ಬಂದು ಒಂದು ಮೊಳ ದೂರ ಬಿಟ್ಟು ನಿಂತ. ಇನ್ನೂ ನಾಲ್ಕು ಉಳಿದಿದ್ದವು. ಸರಿಯಲು ಅಷ್ಟು ಸಾಕಾಗಿತ್ತು. ಅವಳು ಸರಿದಳು, ಅವನ ಕಡೆಗೆ.

ಫ್ಲ್ಯಾಶ್ ಬೆಳಗಿತು.

“ಮುಗೀತು,” ಎಂದರು ಕೊಟ್ರಪ್ಪ, ತಟ್ಟೆ ಕೆಳಗಿಟ್ಟು. ನಗು ತಡೆಯಲು ಆಗಲಿಲ್ಲ ಅವರಿಗೆ. “ಭಾನುವಾರ ಬರೋರಿಗೆ ಬರಬ್ಯಾಡ್ರಿ ಅಂತ ಹೇಳಿಕಳಸ್ತೀನಿ. ಏನಪಾ ಈಶಪ್ಪ, ನಿಮ್ಮ ಮನಿ ಹಿರೇರನ್ನ ಯಾವತ್ತು ಕರಕೊಂಡು ಬರ್ತಿ?”

ಹತ್ತು ದಿನಗಳ ನಂತರ ಫೋಟೊಗಳು ಬಂದವು. ಶೇಖರಮ್ಮ ಎಪ್ಪತ್ತೆರಡನೆಯದನ್ನು ಮೇಜಿನ ಮೇಲಿಟ್ಟು, ಶಾಲೆಯ ಸ್ಕೇಲಿನಿಂದ ಇಬ್ಬರ ಭುಜಗಳ ನಡುವಿನ ಅಂತರವನ್ನು ಅಳೆದಳು.

ಎರಡು ಮಿಲಿಮೀಟರ್.