ಗೋಡೆಯ ಬಾಯಾರಿಕೆ

“ಮೆಲ್ಲಕ ಹಾಕ್, ತಂಗಿ. ಗೋಡಿ ಗಟಗಟ ಕುಡಿಯೂದಿಲ್ಲ. ಗುಟುಕು ಗುಟುಕು ಕುಡಿತೈತಿ,” ಎಂದ ಯಲ್ಲಪ್ಪಜ್ಜ.

ಧನುಶ್ರೀ ಕೆಂಪು ಮಗ್ಗನ್ನು ಓರೆ ಮಾಡಿ ಬಚ್ಚಲಿನ ಹೊಸ ಗೋಡೆಗೆ ನೀರು ಚಿಮುಕಿಸಿದಳು. ಶವರಿನ ಕೆಳಗೆಲ್ಲ ಬಿಳಿ ಟೈಲ್ಸ್. ನಡುವೆ, ಅವಳ ಹೆಗಲೆತ್ತರಕ್ಕೆ, ನೀಲಿ ಹೂವಿನ ಟೈಲ್ಸಿನದೊಂದು ಪಟ್ಟಿ. ನಾಲ್ಕು ಟೈಲ್ಸ್ ಕೂಡಿದರೆ ಒಂದು ಹೂವು. ಅಂಗಡಿಯಲ್ಲಿ ಅದನ್ನು ಆರಿಸಿದವಳು ಅವಳೇ.

ಮಿಸ್ತ್ರಿ ಜಯಂತ ಮಧ್ಯಾಹ್ನ ಟೈಲ್ಸುಗಳ ನಡುವಿನ ಸಂದುಗಳಿಗೆಲ್ಲ ಬಿಳಿ ಗ್ರೌಟ್ ತುಂಬಿ, ಸ್ಪಂಜಿನಿಂದ ಒರೆಸಿ, ಈಗಷ್ಟೇ ಹೋಗಿದ್ದ. ಪಪ್ಪಾ ರೈಲ್ವೆ ಆಫೀಸಿನಿಂದ ಇನ್ನೂ ಬಂದಿರಲಿಲ್ಲ. ಮಮ್ಮಿ ತರಕಾರಿಗೆ ಹೋಗಿದ್ದಳು.

“ಅಜ್ಜಾ, ಇಲ್ಲಿ ಯಾರೂ ಸ್ನಾನ ಮಾಡಬ್ಯಾಡ್ರಿ ಅಂತ ಪಪ್ಪಾ ಮುಂಜಾನೆ ಹೇಳ್ಯಾರ.”

“ನಾವೆಲ್ಲಿ ಮಾಡಾಕತ್ತೇವಿ? ಗೋಡಿಗೆ ಮಾಡಸಾಕತ್ತೇವಿ.”

ಧನು ಕಿಲಕಿಲ ನಕ್ಕಳು. ಅಜ್ಜನ ಮಾತು ಬರೋಬರ್ ಇತ್ತು. ಹೋದ ಬೇಸಿಗೆಯಲ್ಲಿ ಊರಿಗೆ ಹೋದಾಗ ಅಲ್ಲಿ ಹೊಸದೊಂದು ಕೋಣೆ ಕಟ್ಟುತ್ತಿದ್ದರು. ಬೆಳಿಗ್ಗೆ ಸಂಜೆ ಗೋಡೆಗೆ ನೀರು ಹೊಡೆಯುವುದು ಅವಳದೇ ಕೆಲಸ. “ನೀರು ಉಣ್ಣದ ಗೋಡಿ ಹರೇದಾಗ ಮುದುಕ ಆಗತೈತಿ,” ಎಂದು ಅಜ್ಜ ಹೇಳುತ್ತಿದ್ದ.

ಇಲ್ಲಿ ನಾಗಪುರದ ಮೂರನೇ ಮಹಡಿಯಲ್ಲಿ ಅಜ್ಜನಿಗೆ ಮಾಡಲು ಏನೂ ಇರಲಿಲ್ಲ. ಹಾಲು ಪಾಕೀಟಿನಲ್ಲಿ ಬರುತ್ತಿತ್ತು. ಟಿವಿ ಹಿಂದಿಯಲ್ಲಿ ಮಾತಾಡುತ್ತಿತ್ತು. ಕೆಳಗೆ ಹೋದರೆ ಎಲ್ಲರೂ ಮರಾಠಿ. ಊರಿಂದ ಬಂದ ಮೇಲೆ ಇವತ್ತೇ ಮೊದಲ ಸಲ ಅಜ್ಜ ಧೋತರ ಮೇಲಕ್ಕೆ ಕಟ್ಟಿ ಕೆಲಸಕ್ಕೆ ನಿಂತಿದ್ದ.

“ಅಜ್ಜಾ, ನೀರು ಹಾಲಿನಂಗ ಇಳ್ಯಾಕತ್ತೈತಲ್ಲ?”

“ಧೂಳು ಇರತೈತವ್ವಾ. ತೊಳಕೊಂಡ್ ಹೋಗ್ಲಿ ಬಿಡು.”

ಇಬ್ಬರೂ ಗೋಡೆಗೆ ಹೊಟ್ಟೆ ತುಂಬ ಕುಡಿಸಿ, ಬಾಗಿಲು ಎಳೆದುಕೊಂಡು ಬಂದರು.

ಮರುದಿನ ಭಾನುವಾರ. ಧನು ಹಲ್ಲುಜ್ಜುತ್ತಿದ್ದಾಗಲೇ ಪಪ್ಪಾನ ದನಿ ಕೇಳಿಸಿತು.

“ವನಜಾ! ಬಾ ಇಲ್ಲಿ, ನೋಡು! ಗ್ರೌಟೆಲ್ಲಾ ಕಿತ್ತು ಬಂದೈತಿ!”

ಧನು ಬ್ರಷ್ ಬಾಯಲ್ಲಿಟ್ಟುಕೊಂಡೇ ಓಡಿ, ಮಮ್ಮಿಯ ಕೈಕೆಳಗಿಂದ ಇಣುಕಿದಳು. ನೆಲದ ಮೇಲೆ ಸುಣ್ಣದಂತೆ ಬಿಳಿ ಕಲೆ ಒಣಗಿತ್ತು. ಗೋಡೆಯ ಸಂದುಗಳು ಅಲ್ಲಲ್ಲಿ ಬಾಯಿ ತೆರೆದಿದ್ದವು. ಅವಳ ನೀಲಿ ಹೂವಂತೂ ಯಾರೋ ಚಾಕುವಿನಿಂದ ಕೊಯ್ದ ಹಾಗೆ ನಾಲ್ಕು ತುಂಡಾಗಿ ಕಾಣುತ್ತಿತ್ತು.

“ಏನ್ ಕಲಸಿ ಹಚ್ಯಾನೋ ಈ ಜಯಂತ!” ಎಂದು ಪಪ್ಪಾ ಫೋನ್ ಹಚ್ಚಿದ. “ಜಯಂತ ಭಾವೂ, ಯೇ ಕ್ಯಾ ಕಾಮ್ ಕಿಯಾ ಹೈ? ಸಬ್ ನಿಕಲ್ ಗಯಾ!”

ಎಂಥ ಕೆಲಸ ಮಾಡಿದ್ದೀ ಅಣ್ಣಾ, ಎಲ್ಲಾ ಕಿತ್ತು ಬಂತು ಎಂದವನು ಆಮೇಲೆ ಹಿಂದಿಯಲ್ಲೇ ಇನ್ನೂ ಬಹಳ ಹೇಳಿದ. ಕೆಳಗಿನ ಮನೆಯ ಚಾರುಲತಾ ಕಾಕೂ ತಮ್ಮ ಅಡಿಗೆಮನೆಯ ಟೈಲ್ಸ್ ಕೆಲಸ ನಿನಗೇ ಕೊಡುವವರಿದ್ದರು, ಇವತ್ತೇ ಹೋಗಿ ಬೇಡ ಅಂತ ಹೇಳುತ್ತೇನೆ ಎಂದ.

ಧನುವಿನ ಬಾಯಲ್ಲಿ ಪೇಸ್ಟು ಕಹಿಯಾಯಿತು.

ನೀರಿನಿಂದಲೇ ಹೀಗಾಯಿತೆ? ಊರಿನ ಗೋಡೆ ನೀರು ಕುಡಿದು ಕಲ್ಲಿನಂತೆ ಗಟ್ಟಿಯಾಗಿತ್ತು. ಈ ಗೋಡೆ ನೀರು ಕುಡಿದು ಬಾಯಿ ಬಿಟ್ಟಿದೆ. ಹಾಗಾದರೆ ಅಜ್ಜ ಹೇಳಿದ್ದು ಸುಳ್ಳೇ? ಅದೂ ಅಲ್ಲದೆ ಇದು ಬಚ್ಚಲಿನ ಗೋಡೆ. ದಿನಾ ಶವರಿನ ನೀರು ಬೀಳುವುದು ಇದರ ಮೇಲೇ. ನೀರಿಗಾಗಿಯೇ ಕಟ್ಟಿದ ಗೋಡೆಗೆ ನೀರು ಬೇಡ ಅಂದರೆ ಏನರ್ಥ? ಅಥವಾ ಜಯಂತ ಭಾವೂನೇ ಸರಿಯಾಗಿ ಕಲಸಿರಲಿಲ್ಲವೇನೋ. ಒಂದು ಕಡೆಯಿಂದ ಯೋಚಿಸಿದರೆ ಹೀಗೆ, ಇನ್ನೊಂದು ಕಡೆಯಿಂದ ಹಾಗೆ. ಅವಳಿಗೆ ಏನೂ ತಿಳಿಯಲಿಲ್ಲ.

ಬಾಲ್ಕನಿಯಲ್ಲಿ ಅಜ್ಜ ಚಹಾ ಕುಡಿಯುತ್ತಿದ್ದ. “ರವಿ ಯಾರಿಗೆ ಬೈಯಾಕತ್ತಾನ, ತಂಗಿ?”

“ಆಫೀಸಿನವ್ರಿಗೆ,” ಎಂದಳು ಧನು. ಯಾಕೆ ಹಾಗೆಂದೆ ಎಂದು ಅವಳಿಗೇ ಗೊತ್ತಾಗಲಿಲ್ಲ.

ಸ್ವಲ್ಪ ಹೊತ್ತಿಗೆ ಜಯಂತ ಬಂದ. ತಲೆಯ ಹೆಲ್ಮೆಟ್ ಕೂಡ ತೆಗೆಯದೆ ಸೀದಾ ಬಚ್ಚಲಿಗೆ ಹೋಗಿ, ಸಂದಿನಲ್ಲಿ ಬೆರಳಾಡಿಸಿದ.

“ರವೀಜೀ, ಪಾನಿ ಮಾರಾ ಹೈ ಕಿಸೀನೇ.”

ಯಾರೋ ನೀರು ಹೊಡೆದಿದ್ದಾರೆ! ಧನು ಬಾಗಿಲಿನ ಹಿಂದೆ ಸರಿದಳು.

ಇನ್ನೂ ಹಸಿ ಇತ್ತು, ನೀರು ತಾಗಿಸಬೇಡಿ ಎಂದು ನಿನ್ನೆ ಮುಂಜಾನೆಯೇ ನಿಮಗೆ ಹೇಳಿರಲಿಲ್ಲವೆ ಎಂದು ಜಯಂತ ಹಿಂದಿಯಲ್ಲಿ ಕೇಳಿದ. ನೀ ಹೇಳಿದ್ದೆ, ಅದಕ್ಕೇ ಯಾರೂ ಅಲ್ಲಿ ಸ್ನಾನ ಮಾಡಿಲ್ಲ, ನಿನ್ನ ತಪ್ಪನ್ನು ನಮ್ಮ ಮೇಲೆ ಯಾಕೆ ಹಾಕುತ್ತೀ ಎಂದು ಪಪ್ಪಾ ದನಿ ಏರಿಸಿದ. ಜಯಂತ ಹೆಲ್ಮೆಟ್ ತೆಗೆದು ಕಂಕುಳಲ್ಲಿಟ್ಟುಕೊಂಡ. ಅವನ ಮುಖ ಸಣ್ಣದಾಗಿತ್ತು.

ಗದ್ದಲ ಕೇಳಿ ಅಜ್ಜ ಎದ್ದು ಬಂದ. “ಏನಂತಾನ ಗೌಂಡಿ?”

“ಏನಿಲ್ಲ ಬಿಡಪಾ, ನೀ ಚಹಾ ಕುಡಿ,” ಎಂದ ಪಪ್ಪಾ.

ಅಜ್ಜ ಅವನನ್ನು ಬಿಟ್ಟು ಧನುವಿನ ಕಡೆ ತಿರುಗಿದ. “ನೀ ಹೇಳವ್ವಾ. ಏನಂತಾನ ಅಂವ?”

ಅಜ್ಜನಿಗೆ ಹಿಂದಿ ಬರುವುದಿಲ್ಲ. ಜಯಂತನಿಗೆ ಕನ್ನಡ ಬರುವುದಿಲ್ಲ. ನಿನ್ನೆ ಸಂಜೆಯದು ಪಪ್ಪಾನಿಗೆ ಗೊತ್ತಿಲ್ಲ. ಎಲ್ಲವೂ ಗೊತ್ತಿರುವುದು ತನಗೊಬ್ಬಳಿಗೇ. ಹೇಳಿದರೆ ಅಜ್ಜನಿಗೆ ಅವಮಾನ, ಅದೂ ಎಲ್ಲರ ಎದುರಿಗೆ. ಹೇಳದಿದ್ದರೆ ಜಯಂತನ ಕೆಲಸ ಹೋಗುತ್ತದೆ. ಅವಳು ಫ್ರಾಕಿನ ಅಂಚನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು.

“ಯಾರೋ ಗೋಡಿಗೆ ನೀರು ಹೊಡದಾರ ಅಂತಾನ, ಅಜ್ಜಾ.”

ಅಜ್ಜನ ಮುಖ ಅರಳಿತು. “ಹೌದಲ್ಲ! ನಾನ ಹೊಡದೀನಿ! ನೀವೆಲ್ಲಾ ಮರತು ಹೋಗಿದ್ರಿ. ಹೇಳವನಿಗೆ, ಚಿಂತಿ ಮಾಡಬ್ಯಾಡ ಅನ್ನು.”

ಧನುವಿಗೆ ಅಳು ಬಂದಂತಾಯಿತು. ಜಯಂತ ಕೊಂಡಾಡುತ್ತಿದ್ದಾನೆ ಎಂದುಕೊಂಡಿದ್ದ ಅಜ್ಜ! ಈಗ ಹೇಳಬೇಕಾದದ್ದು ಮೊದಲಿನದಕ್ಕಿಂತ ಕಷ್ಟದ್ದು.

“ಹಂಗಲ್ಲ ಅಜ್ಜಾ. ನೀರು ಹೊಡದದ್ದಕ್ಕ ಕಿತ್ತು ಬಂದೈತಿ. ಅದಿನ್ನೂ ಹಸೀ ಇತ್ತಂತ.” ಉಸಿರು ಎಳೆದುಕೊಂಡು ಸೇರಿಸಿದಳು, “ನಾವಿಬ್ರೂ ಹೊಡದ್ವಿ. ಮಗ್ಗು ನನ್ನ ಕೈಯಾಗಿತ್ತು.”

ನಲ್ಲಿಯಿಂದ ಒಂದು ಹನಿ ಟಪ್ಪೆಂದಿತು.

“ಅಪ್ಪಾ, ನೀ ಯಾಕ...” ಎಂದು ಶುರು ಮಾಡಿದ ಪಪ್ಪಾ ಅರ್ಧಕ್ಕೇ ನಿಲ್ಲಿಸಿದ. ಮಮ್ಮಿ ಅವನನ್ನೇ ನೋಡುತ್ತಿದ್ದಳು. “ಸ್ನಾನ ಮಾಡಬ್ಯಾಡ್ರಿ ಅಂದ್ರಿ. ನೀರು ತಾಗಸಬ್ಯಾಡ್ರಿ ಅಂತ ಯಾರಿಗೆ ಹೇಳಿದ್ರಿ?” ಎಂದಳು.

ಅಜ್ಜ ಗೋಡೆಯ ಹತ್ತಿರ ಹೋದ. ಬಾಯಿಬಿಟ್ಟ ಸಂದಿನಲ್ಲಿ ಉಗುರು ಇಟ್ಟು ನೋಡಿದ. ಬೆರಳಿಗೆ ಹತ್ತಿದ ಪುಡಿಯನ್ನು ಉಜ್ಜಿ ನೋಡಿದ. ಅಜ್ಜ ಈಗ ಬಾಲ್ಕನಿಗೆ ಹೋಗಿ ಕೂತುಬಿಡುತ್ತಾನೆ, ಮತ್ತೆಂದೂ ಧೋತರ ಮೇಲೆ ಕಟ್ಟುವುದಿಲ್ಲ ಎಂದು ಧನುವಿಗೆ ಅನಿಸಿತು.

ಅಜ್ಜ ತಿರುಗಿದ. “ಜಾತಿನ ಬ್ಯಾರೆ ಐತಿ ಇದು,” ಎಂದ. “ಕೇಳವನಿಗೆ ತಂಗಿ, ಇದಕ್ಕ ಯಾವಾಗ ಬಾಯಾರತೈತಿ?”

ಧನು ಕಣ್ಣು ಪಿಳುಕಿಸಿದಳು. ಆಮೇಲೆ ನೀರು ಹೊಡೆದವರು ತಾವೇ ಎಂದು ಜಯಂತನಿಗೆ ಹಿಂದಿಯಲ್ಲಿ ಹೇಳಿ, ಕೇಳಿದಳು, “ಭಾವೂ, ಇಸ್ಕೋ ಪ್ಯಾಸ್ ಕಬ್ ಲಗ್ತೀ ಹೈ?”

ಜಯಂತ ಒಂದು ಗಳಿಗೆ ಅಜ್ಜನನ್ನೂ ಗೋಡೆಯನ್ನೂ ನೋಡಿ, ನಕ್ಕುಬಿಟ್ಟ. ಇವತ್ತು ಹೊಸದಾಗಿ ತುಂಬುತ್ತೇನೆ, ನಾಳೆ ಸಂಜೆ ಮುಟ್ಟಿ ನೋಡಿ ಎಂದ. ಬೆರಳಿಗೆ ಏನೂ ಹತ್ತದಿದ್ದರೆ ಒದ್ದೆ ಬಟ್ಟೆಯಿಂದ ಒರೆಸಬೇಕು, ಸ್ವಲ್ಪವೇ. ಆಗ ಇದೂ ನೀರು ಕೇಳುತ್ತದೆ.

ಧನು ಅದನ್ನು ಕನ್ನಡದಲ್ಲಿ ಹೇಳಿದಾಗ ಅಜ್ಜ, “ಹಂಗನ್ನು ಮತ್ತ!” ಎಂದು ತಲೆಯಾಡಿಸಿ ಧೋತರ ಮೇಲೆ ಕಟ್ಟಿದ. ಜಯಂತ ಹಳೆಯ ಗ್ರೌಟ್ ಕೆರೆದ, ಅಜ್ಜ ಪುಡಿ ಗುಡಿಸಿದ, ಜಯಂತ ಹೊಸದು ತುಂಬಿದ. ಇಬ್ಬರೂ ತಮ್ಮ ತಮ್ಮ ಮಾತಿನಲ್ಲೇ ಏನೇನೋ ಹೇಳಿಕೊಳ್ಳುತ್ತಿದ್ದರು. ಪಪ್ಪಾ ಎರಡು ಸಲ ಬಾಗಿಲಿಗೆ ಬಂದು ಹೋದ. ಕೊನೆಗೆ “ಚಾಯ್ ಪೀಕೇ ಜಾನಾ, ಭಾವೂ,” ಎಂದು ಚಹಾ ಕುಡಿದೇ ಹೋಗಲು ಹೇಳಿ ಚಪ್ಪಲಿ ಮೆಟ್ಟಿ ಕೆಳಗಿಳಿದ. ಅಡಿಗೆಮನೆಯ ಕೆಲಸ ಜಯಂತನಿಗೇ ಕೊಡಿ ಎನ್ನಲು ಅವನು ಚಾರುಲತಾ ಕಾಕೂ ಮನೆಯ ಬೆಲ್ ಬಾರಿಸಿದ್ದು ಧನುವಿಗೆ ಮೇಲಿನವರೆಗೂ ಕೇಳಿಸಿತು.

ಸೋಮವಾರ ಶಾಲೆಯಿಂದ ಬಂದವಳೇ ಧನು ಬ್ಯಾಗ್ ಎಸೆದು ಬಚ್ಚಲಿಗೆ ಓಡಿದಳು. ಬಾಗಿಲಿನ ಹೊರಗೆ ಅಜ್ಜ ಮಣೆ ಹಾಕಿಕೊಂಡು ಕೂತಿದ್ದ. ಪಕ್ಕದಲ್ಲಿ ತುಂಬಿದ ಕೆಂಪು ಮಗ್ಗು, ಅದರ ಮೇಲೆ ಮಡಿಸಿಟ್ಟ ಬಟ್ಟೆ.

“ನೀ ಮುಟ್ಟಿ ನೋಡಿದಿ, ಅಜ್ಜಾ?”

“ನನ್ನ ಬೆರಳು ಬಡ್ಡಾಗ್ಯಾವ, ಗೊತ್ತಾಗೂದಿಲ್ಲ. ನೀ ನೋಡು.”

ಧನು ಒಳಗೆ ಹೋಗಿ ನೀಲಿ ಹೂವಿನ ನಡುವೆ, ನಾಲ್ಕು ಟೈಲ್ಸೂ ಕೂಡುವ ಜಾಗದಲ್ಲಿ, ಬೆರಳಿಟ್ಟಳು. ತಣ್ಣಗಿತ್ತು. ಬೆರಳನ್ನು ಬೆಳಕಿಗೆ ಹಿಡಿದಳು. ತುದಿಯಲ್ಲಿ ಬಿಳಿ ಚುಕ್ಕೆ, ಇನ್ನೂ ಸ್ವಲ್ಪ.

“ಇನ್ನಾ ಬಾಯಾರಿಲ್ಲ,” ಎಂದಳು.

ಅಜ್ಜ ಮಣೆಯ ಮೇಲೆ ಸರಿದು ಅವಳಿಗೆ ಜಾಗ ಮಾಡಿದ. ಇಬ್ಬರೂ ಗೋಡೆಯ ಕಡೆ ಮುಖ ಮಾಡಿ ಕೂತರು.