ಖಾಲಿಯಿಂದ ಸಮ್ಮಿಗೆ

ತಬಲಾ ತಟ್ಟನೆ ನಿಂತಿತು.

“ಯಾರ ಕಾಲು ಅದು? ತಾಳಕ್ಕಿಂತ ಮುಂದ ಓಡಾಕತ್ತೈತಿ!”

ಸಾಲಿನ ಹುಡುಗಿಯರೆಲ್ಲ ಹೊಳೆವ್ವನತ್ತ ತಿರುಗಿದರು. ಅಣ್ಣಾಸಾಹೇಬರ ನಾಟಕ ಕಂಪನಿಯ ತಾಲೀಮು ಮನೆಗೆ ಕುಣಿತ ಕಲಿಯಲು ಅವಳು ಬಂದು ಇನ್ನೂ ವಾರವಾಗಿರಲಿಲ್ಲ. ಹೀಗೆ ಗದರಿದ ತಬಲಜಿ ಜಕ್ಕಪ್ಪನನ್ನು ಅವಳು ನೋಡಿದ್ದೂ ಅಂದೇ ಮೊದಲು.

ಅವಮಾನದಿಂದ ಅವಳ ಮುಖ ಕೆಂಪಾಯಿತು. ಆದರೂ ಬಾಯಿ ಸುಮ್ಮನಿರಬೇಕಲ್ಲ!

“ಓಡದ ನಿಂತ್ರ ನೀವೇನು ಕಾಯ್ತೀರೇನ್ರಿ?”

ಜಕ್ಕಪ್ಪ ತಲೆ ಎತ್ತಿ ಅವಳನ್ನೇ ನೋಡಿದ. “ಕಾಯ್ತೇನಿ,” ಎಂದ, ನಗದೆ.

ಆ ಒಂದು ಮಾತು ಅವಳ ಎದೆಯಲ್ಲಿ ಕೂತುಬಿಟ್ಟಿತು...

ಅವಳಿಗಾಗಿ ಕಾದವರು ಯಾರಿದ್ದರು? ಅನಗವಾಡಿಯಲ್ಲಿ ಸಾಕಿದ ಅಜ್ಜಿ ತೀರಿದ ಮೇಲೆ ಮನೆಗೆ ಚಿಕ್ಕಪ್ಪ ಬೀಗ ಹಾಕಿದ್ದ. ಬನಹಟ್ಟಿಯ ಈ ತಾಲೀಮು ಮನೆಯೇ ಅನ್ನ, ಇದೇ ನೆರಳು. ಬಿಡುವು ಸಿಕ್ಕಾಗ ಉಳಿದ ಹುಡುಗಿಯರನ್ನು ಕರೆದೊಯ್ಯಲು ಅಣ್ಣನೋ ಅಪ್ಪನೋ ಬರುತ್ತಿದ್ದರು. ಹೊಳೆವ್ವ ಖಾಲಿ ಪಡಸಾಲೆಯಲ್ಲಿ ಒಬ್ಬಳೇ, ಓಣಿಯ ಮಗ್ಗಗಳ ಸದ್ದಿಗೆ ಕುಣಿಯುತ್ತಿದ್ದಳು. ಮಗ್ಗ ಯಾರನ್ನೂ ಕಾಯುವುದಿಲ್ಲ. ಪಾಪ, ಕಾಲು ಓಡದೆ ಇನ್ನೇನು ಮಾಡೀತು?

ತಿಂಗಳುಗಳು ಕಳೆದವು. ಜಕ್ಕಪ್ಪ ದಿನವೂ ಅವಳಿಗಾಗಿ ತಾಳದ ಒಂದು ಸುತ್ತು ಹೆಚ್ಚು ನುಡಿಸುತ್ತಿದ್ದ, ಮಾತು ಮಾತ್ರ ಆಡುತ್ತಿರಲಿಲ್ಲ. ಅವಳಿಗೋ ಆ ಬೆರಳುಗಳ ಸದ್ದಿಲ್ಲದೆ ಬೆಳಗೇ ಆಗುತ್ತಿರಲಿಲ್ಲ!

ಹೊಸ ನಾಟಕದ ಮೊದಲ ಆಟ ಮುಧೋಳದಲ್ಲಿ ಎಂದು ಗೊತ್ತಾಯಿತು. ರಂಗಕ್ಕೆ ಒಗ್ಗದವರನ್ನು ಸಾಹೇಬರು ಊರಿಗೆ ಕಳಿಸತೊಡಗಿದರು. “ಜಾಗಾ ಖಾಲಿ ಮಾಡವ್ವಾ” ಎಂದರೆ ಮುಗಿಯಿತು.

ಮುಧೋಳಕ್ಕೆ ಹೊರಡುವ ಬೆಳಿಗ್ಗೆ, ಬಾಗಿಲಾಚೆಯಿಂದ ಜಕ್ಕಪ್ಪನ ದನಿ ಅವಳಿಗೆ ಕೇಳಿಸಿತು.

“ಹೊಳೆವ್ವಂದು ಖಾಲೀನ ಆಗ್ಲಿರಿ, ಸಾಹೇಬ್ರ.”

ಹೆದರುವವರ ಮೇಲೆ ಹಾವು ಎಸೆದಂತಾಯಿತು. ಮುಂದಿನ ಮಾತಿಗೆ ಅವಳು ನಿಲ್ಲಲಿಲ್ಲ.

‘ಕಾಯ್ತೇನಿ ಅಂದಿದ್ದನಲ್ಲ... ಅವನೇ ಹೀಗಂದನೇ?’

ಗಂಟು ಹಿಡಿದು ಗಾಡಿ ನಿಲ್ಲುವ ಬೇವಿನ ಮರದಡಿ ಬಂದಳು.

“ಎಲ್ಲಿಗವ್ವಾ?” ಗಾಡಿಯವ ಕೇಳಿದ.

ಬಾಯಿ ತೆರೆದಳು. ಹೇಳಲು ಯಾವ ಊರೂ ಇರಲಿಲ್ಲ. ಆಗಲೇ ಅವಳಿಗೆ ನಿಜವಾಗಿ ಅಳು ಬಂತು.

“ಹೊಳೆವ್ವಾ!”

ಜಕ್ಕಪ್ಪ ಬರಿಗಾಲಲ್ಲಿ ಓಡಿಬರುತ್ತಿದ್ದ. “ಎಲ್ಲಿ ಹೊಂಟಿ? ಎಲ್ಲಾರೂ ಮುಧೋಳಕ್ಕ ಹೊಂಟಾರ!”

“ನೀವ ಅಂದ್ರಲ್ಲ... ಹೊಳೆವ್ವಂದು ಖಾಲಿ ಅಂತ.”

ಅವನು ಹಣೆ ಚಚ್ಚಿಕೊಂಡ. “ಅಯ್ಯ ಹುಚ್ಚಿ! ಜಾಗಾ ಖಾಲಿ ಅಲ್ಲ, ತಾಳದ ಖಾಲಿ! ಎಡಗೈ ಡಗ್ಗಾ ಸುಮ್ಮನಿರ್ತೈತಲ್ಲ, ಅಲ್ಲಿ. ಉಳದಾವ್ರೆಲ್ಲಾ ಸಮ್ಮಿಗೆ, ಮೊದಲ್ನೇ ಪೆಟ್ಟಿಗೆ ಬರ್ತಾರ. ನೀ ಅದಕ್ಕೂ ಮುಂಚೆ, ಒಬ್ಬಾಕಿನ ರಂಗಕ್ಕ ಬರಬೇಕು ಅಂದೆ. ಓಡು ಕಾಲಿಗೆ ಅದ ಹೊಂದತೈತಿ.”

ಅವಳು ಕಣ್ಣೊರೆಸಿಕೊಂಡಳು. ಆದರೂ ಗಂಟು ಕೆಳಗಿಡಲಿಲ್ಲ.

“ಅಲ್ಲೂ ಒಬ್ಬಾಕಿನೇನ್ರಿ? ನನಗ ಯಾರದಾರ? ನಾನ ಖಾಲಿ ಅದೀನಿ...”

ಜಕ್ಕಪ್ಪನ ದನಿ ತಗ್ಗಿತು.

“ಖಾಲಿ ಬಂತಂದ್ರ ಸಮ್ ದೂರ ಇಲ್ಲ, ಹೊಳೆವ್ವ. ಅಲ್ಲಿ ನಾ ಇರ್ತೇನಿ. ಆಟದಾಗಷ್ಟ ಅಲ್ಲ... ನೀ ಹೂಂ ಅಂದ್ರ, ಬಾಳಿನಾಗೂ.”

“ಯವ್ವಾ, ಹತ್ತತೀಯೋ ಇಲ್ಲೋ?” ಗಾಡಿಯವ ಗದರಿದ.

“ಇಲ್ರಿ ಕಾಕಾ,” ಎಂದಳು ಹೊಳೆವ್ವ. ಗಂಟನ್ನು ಜಕ್ಕಪ್ಪನ ಕೈಗಿಟ್ಟಳು.

ಇಬ್ಬರೂ ಓಣಿಯತ್ತ ನಡೆದರು.

“ನಾ ಮತ್ತ ಮುಂದ ಓಡಿದ್ರ?”

“ಓಡು.”

“ಹಿಂದ ಉಳದ್ರ?”

“ಅವತ್ತ ಹೇಳೇನಲ್ಲ...” ಅವನು ಮೊದಲ ಬಾರಿ ನಕ್ಕ. “ಕಾಯ್ತೇನಿ.”